ಸಕ್ಕರೆ ಹರಳಿನ ಮಿಂಚು, ಅಪ್ಪನ ವಾಚು

ಪುಣೆಯಲ್ಲಿ ನನ್ನ ರೂಮ್‌ಮೇಟ್ ಮೊಬೈಲಿನಲ್ಲಿ ಒಂದು ಗೇಮ್ ಆಡ್ತಾನೆ. ಆ ಲೋಕದಲ್ಲಿ ಗಡಿಯಾರವೂ ಇಲ್ಲ, ಕರೆಂಟ್ ಕಂಬವೂ ಇಲ್ಲ. ಊರ ನಡುವೆ ಒಂದು ದೊಡ್ಡ ಹರಳು. ಹೊತ್ತು ಹೇಳೋದೂ ಅದೇ, ಊರಿಗೆಲ್ಲ ಶಕ್ತಿ ಕೊಡೋದೂ ಅದೇ. "ಇಂಥದ್ದು ನಿಮ್ಮೂರಿಗೆ ಬೇಕು ನೋಡು" ಅಂತ ಕಾಲೆಳೆದ. ರಾಯಬಾಗ ತಾಲ್ಲೂಕಿನ ನಮ್ಮ ಹಳ್ಳಿಗೆ ತ್ರೀ ಫೇಸ್ ಕರೆಂಟು ಪಾಳಿ ಮೇಲೆ ಬರುತ್ತೆ, ರಾತ್ರಿ ಪಾಳಿ ಬಂದರೆ ಅಪ್ಪ ಅಲಾರಂ ಇಟ್ಟು ಎದ್ದು ಕಬ್ಬಿಗೆ ನೀರು ಬಿಡೋಕೆ ಹೋಗ್ತಾರೆ ಅಂತ ಅವನಿಗೆ ಹೇಳಿದ್ದು ನಾನೇ.

ನಕ್ಕು ಸುಮ್ಮನಾದೆ. ಆದರೆ ತಲೆಯಲ್ಲಿ ಹುಳ ಹೊಕ್ಕಿತ್ತು.

ಹೊತ್ತು ಹೇಳುವ ಹರಳೇನೋ ಕಟ್ಟುಕತೆಯಲ್ಲ. ಕ್ವಾರ್ಟ್ಜ್ ವಾಚಿನ ಒಳಗಿರುವುದು ನಮ್ಮ ಬೆಣಚುಕಲ್ಲಿನ ಜಾತಿಯ ಒಂದು ಪುಟ್ಟ ಹರಳು. ಬ್ಯಾಟರಿಯ ಚೂರು ಕರೆಂಟು ತಾಗಿದರೆ ಸೆಕೆಂಡಿಗೆ 32,768 ಸಲ ಕಂಪಿಸುತ್ತದೆ. ಆ ಸಂಖ್ಯೆಯನ್ನು 15 ಸಲ ಅರ್ಧ ಮಾಡುತ್ತ ಹೋಗಿ, ಸರಿಯಾಗಿ ಒಂದಕ್ಕೆ ಬಂದು ನಿಲ್ಲುತ್ತದೆ. ವಾಚಿನ ಚಿಪ್ ಮಾಡುವುದೂ ಅಷ್ಟೇ. ಇಂಥ ಮೊದಲ ಕೈಗಡಿಯಾರವನ್ನು ಜಪಾನಿನ ಸೀಕೋ ಕಂಪನಿ ಮಾರಿದ್ದು 1969ರ ಡಿಸೆಂಬರಿನಲ್ಲಿ. ನೀವು ಇದನ್ನು ಓದುತ್ತಿರುವ ಮೊಬೈಲಿನಲ್ಲೂ ಹರಳು ಇದೆ.

ಆದರೆ ಅದು ಕರೆಂಟು ಕೊಡುವುದಿಲ್ಲ, ತಿನ್ನುತ್ತದೆ. ಕೊಡುವ ಹರಳು ಬೇಕಂದ್ರೆ ಅಡುಗೆಮನೆಗೆ ಹೋಗಿ, ಗ್ಯಾಸ್ ಲೈಟರ್ ಒತ್ತಿ. ಒಳಗೆ ಸಣ್ಣ ಸುತ್ತಿಗೆಯೊಂದು ಹರಳುಗಳಿಂದಾದ ಸೆರಾಮಿಕ್ ತುಂಡಿಗೆ ಟಕ್ ಅಂತ ಬಡಿಯುತ್ತದೆ, ಸಾವಿರಾರು ವೋಲ್ಟ್ ಹುಟ್ಟಿ ಕಿಡಿ ಹಾರುತ್ತದೆ. ಅಲ್ಲಿ ಬ್ಯಾಟರಿಯೇ ಇಲ್ಲ. ಹರಳನ್ನು ಒತ್ತಿದರೆ ವಿದ್ಯುತ್ ಹುಟ್ಟುತ್ತದೆ ಅಂತ 1880ರಲ್ಲಿ ತೋರಿಸಿದವರು ಪ್ಯಾರಿಸಿನ ಅಣ್ಣ-ತಮ್ಮ, ಜಾಕ್ ಮತ್ತು ಪಿಯರ್ ಕ್ಯೂರಿ. ಅವರು ಪರೀಕ್ಷೆ ಮಾಡಿದ ಹರಳುಗಳ ಪಟ್ಟಿ ಓದುತ್ತಿದ್ದೆ. ಕ್ವಾರ್ಟ್ಜ್ ಇತ್ತು, ಟೂರ್ಮಲಿನ್ ಇತ್ತು. ಮುಂದೆ ನೋಡ್ತೀನಿ, ಕಬ್ಬಿನ ಸಕ್ಕರೆ!

ಚಿಕ್ಕೋಡಿ, ರಾಯಬಾಗ, ಅಥಣಿ, ಕಾಗವಾಡದ ಕಡೆ ಬಸ್ಸಿನ ಕಿಟಕಿಯಿಂದ ಕಬ್ಬು ಬಿಟ್ಟು ಬೇರೆ ಏನು ಕಾಣುತ್ತೆ? ತಂಬಾಕಿಗೆ ಹೆಸರಾದ ನಿಪ್ಪಾಣಿಯಲ್ಲೂ ಕಬ್ಬಿದೆ. ಅಂದರೆ ನಾವು ಹುಟ್ಟಿದಾಗಿನಿಂದ ಈ ಹರಳಿನ ನಡುವೆಯೇ ಇದ್ದೀವಿ.

ಊರಿಗೆ ಹೋದಾಗ ಪರೀಕ್ಷೆ ಮಾಡಿದೆ. ಕರೆಂಟು ಹೋದ ಹೊತ್ತು ನೋಡಿ, ಬಾಗಿಲು ಹಾಕಿ, ಕತ್ತಲಿಗೆ ಕಣ್ಣು ಹೊಂದುವವರೆಗೆ ಹತ್ತು ನಿಮಿಷ ಕೂತೆವು. ಅವ್ವ ಕೊಟ್ಟ ಕಲ್ಲುಸಕ್ಕರೆಯನ್ನು ಇಕ್ಕಳದಲ್ಲಿ ಹಿಡಿದು ಒಮ್ಮೆಲೇ ಒಡೆದೆ. ಚಿಟ್! ನೀಲಿ ಮಿಂಚು ಬಂದು ಹೋಯಿತು. ಹರಳು ಸೀಳಿದಾಗ ಬೇರೆಯಾದ ವಿದ್ಯುತ್ತು ಗಾಳಿಯ ಸಾರಜನಕವನ್ನು ಬೆಳಗಿಸುವುದು ಹಾಗೆ. ಇಂಗ್ಲೆಂಡಿನ ಫ್ರಾನ್ಸಿಸ್ ಬೇಕನ್ ನಾಲ್ಕು ಶತಮಾನದ ಹಿಂದೆಯೇ ಇದನ್ನು ಬರೆದಿದ್ದ.

ಅಪ್ಪ ಮೂರು ಸಲ ಒಡೆಸಿ ನೋಡಿದರು. "ಚಲೋ ಐತಿ. ಇದರ ಮ್ಯಾಲೆ ಐದ್ ಎಚ್‌ಪಿ ಮೋಟರ್ ನಡಸ್ತಿ ಏನ?"

ನಡೆಯೋದಿಲ್ಲ. ಆ ಮಿಂಚಿನ ಶಕ್ತಿ ಹರಳಿನದಲ್ಲ, ಇಕ್ಕಳ ಹಿಚುಕಿದ ನನ್ನ ಕೈಯದು. ಮೋಟರ್ ನಡೆಸುವ ಕರೆಂಟು ಸಕ್ಕರೆ ತೆಗೆದ ಮೇಲೆ ಉಳಿಯುವ ಸಿಪ್ಪೆಯಲ್ಲಿದೆ. ಒಂದು ಟನ್ ಕಬ್ಬು ಅರೆದರೆ ಸುಮಾರು 300 ಕೆಜಿ ಬಗಾಸ್ ಬರುತ್ತದೆ. ಅದನ್ನು ಬಾಯ್ಲರಿಗೆ ಹಾಕಿ, ಆ ಹಬೆಯಿಂದ ಟರ್ಬೈನ್ ತಿರುಗಿಸಿ, ಕಾರ್ಖಾನೆ ತನಗೆ ಬೇಕಾದ ವಿದ್ಯುತ್ ಮಾಡಿಕೊಳ್ಳುತ್ತದೆ. ಸಹ ವಿದ್ಯುತ್ ಘಟಕ ಇರುವ ಕಾರ್ಖಾನೆಗಳು ಉಳಿದದ್ದನ್ನು ಗ್ರಿಡ್ಡಿಗೆ ಮಾರುತ್ತವೆ.

ಇನ್ನು ಹೊತ್ತಿನ ಮಾತು. ಹೋದ ಹಂಗಾಮಿನಲ್ಲಿ ನಮ್ಮ ಕಬ್ಬು ಕಡಿದದ್ದು ಮಂಗಳವಾರ ಬೆಳಿಗ್ಗೆ ಏಳಕ್ಕೆ. ಟ್ರ್ಯಾಕ್ಟರ್ ಕಾರ್ಖಾನೆಯ ತೂಕದ ಕಾಟಾ ಹತ್ತಿದ್ದು ಬುಧವಾರ ರಾತ್ರಿ ಒಂಬತ್ತಕ್ಕೆ. 38 ಗಂಟೆ. ಕಡಿದ ಕಬ್ಬನ್ನು 24 ಗಂಟೆಯೊಳಗೆ ಅರೆಯಬೇಕು ಅಂತಾರೆ. ತಡವಾದಷ್ಟೂ ನೀರು ಆರಿ ತೂಕ ಇಳಿಯುತ್ತದೆ. ಒಳಗಿನ ಸುಕ್ರೋಸ್ ಒಡೆದು ಗ್ಲೂಕೋಸ್, ಫ್ರಕ್ಟೋಸ್ ಆಗುತ್ತದೆ. ಅವು ಕಾರ್ಖಾನೆಯ ಪ್ಯಾನಿನಲ್ಲಿ ಹರಳು ಕಟ್ಟುವುದಿಲ್ಲ. ಟ್ರಾಲಿಯ ಸಾಲಿನಲ್ಲಿ ಅಪ್ಪ ಗಳಿಗೆಗೊಮ್ಮೆ ವಾಚು ನೋಡುತ್ತಿದ್ದದ್ದು ಸುಮ್ಮನೆ ಅಲ್ಲ.

2025-26ರ ಹಂಗಾಮಿಗೆ ಕೇಂದ್ರ ಗೊತ್ತುಮಾಡಿದ ಎಫ್‌ಆರ್‌ಪಿ ಕ್ವಿಂಟಲಿಗೆ 355 ರೂಪಾಯಿ, ಶೇ 10.25 ಇಳುವರಿಗೆ. ಇಳುವರಿ ಲೆಕ್ಕ ಇಡೀ ಕಾರ್ಖಾನೆಯದು, ಒಬ್ಬೊಬ್ಬರ ಹೊಲದ್ದಲ್ಲ. ಹಾಗಾಗಿ ಸಕ್ಕರೆ ಕಡಿಮೆಯಾದರೆ ನಷ್ಟ ಎಲ್ಲರ ಮೇಲೂ ಹಂಚಿ ಹೋಗುತ್ತದೆ. ತೂಕ ಇಳಿದದ್ದು ಮಾತ್ರ ಪೂರ್ತಿ ಕಬ್ಬಿನ ಮಾಲೀಕನದು. ನಮಗೆ ಸಿಕ್ಕ ಚೀಟಿಯಲ್ಲಿ ಗಾಡಿ ನಂಬರ್ ಇತ್ತು, ತೂಕ ಇತ್ತು, ತೂಗಿದ ಹೊತ್ತು ನಿಮಿಷದ ಲೆಕ್ಕದಲ್ಲಿ ಇತ್ತು. ಕಡಿದ ಹೊತ್ತು ಎಲ್ಲೂ ಇರಲಿಲ್ಲ. ನನಗೆ ಸಿಟ್ಟು ಬಂದದ್ದು ಅದಕ್ಕೆ. ಸೆಕೆಂಡನ್ನು 32,768 ಚೂರು ಮಾಡಿ ಎಣಿಸುವ ಹರಳು ಎಲ್ಲರ ಕಿಸೆಯಲ್ಲಿದ್ದೂ ಆ 38 ಗಂಟೆ ಯಾರ ಲೆಕ್ಕಕ್ಕೂ ಬರಲಿಲ್ಲ.

ಈ ಸಲ ಅಪ್ಪನಿಗೆ ಒಂದೇ ಮಾತು ಹೇಳಿದ್ದೆ: ಕುಡುಗೋಲು ಹಾಕಿದ ಕೂಡಲೇ ಫೋಟೋ ತೆಗೆದು ಕಳಿಸಿ, ಟೈಮ್ ತಾನಾಗೇ ಬೀಳ್ತದೆ. ಮೊನ್ನೆ ಬೆಳಿಗ್ಗೆ 6:40ಕ್ಕೆ ವಾಟ್ಸಾಪ್ ಬಂತು. ಉರುಳಿದ ಕಬ್ಬಿನ ಮುಂದೆ ಅಪ್ಪನ ಮುಂಗೈ, ಅದರಲ್ಲಿ ವಾಚು.

ಕೆಳಗೆ ವಾಯ್ಸ್ ಮೆಸೇಜು. "ಮೊಬೈಲ್ ಟೈಮ್ ಅವ್ರು ಒಪ್ಪಲಿಲ್ಲಂದ್ರ? ಅದಕ್ಕ ವಾಚೂ ಇರ್ಲಿ ಅಂತ ಹಿಡದೇನಿ."