ಶಂಕುಶಂಬೂಕದ ಬೇಟೆ

ಕಡಲತೀರದ ಹವಳದಿಬ್ಬಗಳಲ್ಲಿ ವಾಸಿಸುವ ಬೇಟೆಗಾರ ಪ್ರಾಣಿಗಳಲ್ಲಿ ಶಂಕುಶಂಬೂಕವು ಅತಿ ವಿಚಿತ್ರವಾದುದು. ಇದು ಬಸವನಹುಳುವಿನ ಬಂಧು, ಅದರಂತೆಯೇ ಮಂದಗಾಮಿ. ಚಿಪ್ಪು ಶಂಕುವಿನ ಆಕಾರದ್ದಾದುದರಿಂದ ಇಲ್ಲಿ ಈ ಹೆಸರನ್ನು ಬಳಸಿದೆ. ಶಾಸ್ತ್ರಜ್ಞರು ಈ ಕುಲವನ್ನು ಕೋನಸ್ ಎನ್ನುವರು. ಇದರ ಪ್ರಭೇದಗಳಲ್ಲಿ ಬಹುಪಾಲು ಕಡಲಹುಳುಗಳನ್ನೂ, ಕೆಲವು ಇತರ ಶಂಬೂಕಗಳನ್ನೂ ತಿಂದು ಜೀವಿಸುವುವು. ಅದರಲ್ಲಿ ಆಶ್ಚರ್ಯವೇನೂ ಇಲ್ಲ. ಆದರೆ ಮೀನನ್ನೇ ಹಿಡಿಯುವ ಪ್ರಭೇದಗಳೂ ಉಂಟು. ತೆವಳುವ ಪ್ರಾಣಿಯು ಈಜುವ ಪ್ರಾಣಿಯನ್ನು ಹಿಡಿಯುವುದೆಂತು?

ಇತರ ಶಂಬೂಕಗಳಲ್ಲಿ ಆಹಾರವನ್ನು ಕೆರೆಯಲು ನೆರವಾಗುವ ಹಲ್ಲು ಇದರಲ್ಲಿ ಟೊಳ್ಳಾದ ಈಟಿಯಾಗಿ ಮಾರ್ಪಟ್ಟಿದೆ. ನೀರಿನಲ್ಲಿ ಮೀನಿನ ವಾಸನೆಯನ್ನರಿತೊಡನೆ ಶಂಬೂಕವು ಸೊಂಡಿಲನ್ನು ಮೆಲ್ಲಗೆ ಚಾಚಿ, ಅದು ಮೀನಿಗೆ ತಾಕಿದ ಕ್ಷಣದಲ್ಲಿ ಈಟಿಯನ್ನು ನಾಟಿ ವಿಷವನ್ನು ತುಂಬುವುದು. ಒಂದು ಈಟಿಯ ಉಪಯೋಗ ಒಂದೇ ಸಲ. ಮುಂದಿನ ಬೇಟೆಗೆ ಬೇರೆ ಈಟಿಗಳು ಒಳಚೀಲದಲ್ಲಿ ಸಿದ್ಧವಾಗಿರುವುವು. ವಿಷವು ಕೊಂಚ ತಡಮಾಡಿದರೂ ಮೀನು ದೂರ ಸರಿದು ಮತ್ತೊಂದು ಪ್ರಾಣಿಯ ಪಾಲಾದೀತು. ಆದಕಾರಣವೇ ಇದರ ವಿಷಕ್ಕೆ ಅಷ್ಟು ವೇಗ. ಮೀನು ಕ್ಷಣಮಾತ್ರದಲ್ಲಿ ಸೆಟೆದುಕೊಳ್ಳುವುದು.

ಭೂಪಟದಂತಹ ಚಿತ್ತಾರವುಳ್ಳ ಕೋನಸ್ ಜಿಯಾಗ್ರಫಸ್ ಎಂಬುದು ಇನ್ನೂ ಚತುರ. ಇದು ಬಾಯನ್ನು ಬಲೆಯಂತೆ ಅಗಲಿಸಿ, ಸಂದಿಗಳಲ್ಲಡಗಿದ ಸಣ್ಣ ಮೀನುಗಳನ್ನು ಮೊದಲು ಒಳಗೊಂಡು, ಬಳಿಕ ಚುಚ್ಚುವುದು. ಮೀನುಗಳು ಓಡದಿರಲು ಕಾರಣವೇನು? ಇದರ ವಿಷದಲ್ಲಿ ಇನ್ಸುಲಿನ್ ಇರುವುದೆಂದು 2015ರಲ್ಲಿ ಪ್ರಕಟವಾಯಿತು. ಅದೂ ಶಂಬೂಕದ ಶರೀರಕ್ಕೆ ಸಹಜವಾದ ಬಗೆಯದಲ್ಲ, ಮೀನಿನ ಇನ್ಸುಲಿನ್ನನ್ನು ಹೋಲುವಂತಹದು! ಅದು ನೀರಿನಲ್ಲಿ ಬೆರೆತು ಮೀನಿನ ರಕ್ತದ ಸಕ್ಕರೆಯನ್ನಿಳಿಸಿ ಅದನ್ನು ನಿಶ್ಚೇಷ್ಟಗೊಳಿಸುವುದೆಂದು ಶೋಧಕರ ಅಭಿಪ್ರಾಯ. ಶತ್ರುವಿನ ಮನೆಯ ಔಷಧವನ್ನೇ ವಿಷವಾಗಿಸಿದ ಈ ಉಪಾಯಕ್ಕೆ ಪ್ರಾಣಿಲೋಕದಲ್ಲಿ ಸಾಟಿ ವಿರಳ.

ಇದೇ ಪ್ರಭೇದವು ಬೇಟೆಗೊಂದು, ಆತ್ಮರಕ್ಷಣೆಗೊಂದು ಎಂದು ಎರಡು ಬಗೆಯ ವಿಷವನ್ನು ವಿಷನಾಳದ ಬೇರೆ ಬೇರೆ ಭಾಗಗಳಲ್ಲಿ ಸಿದ್ಧಪಡಿಸುವುದೆಂದು 2014ರಲ್ಲಿ ತಿಳಿದುಬಂದಿತು. ಮನುಷ್ಯನಿಗೆ ಮಾರಕವಾದುದು ಎರಡನೆಯದು. ಶಂಬೂಕದ ಚುಚ್ಚುವಿಕೆಯಿಂದ ಬಾಂದಾ ದ್ವೀಪದಲ್ಲಿ ಒಬ್ಬ ದಾಸಿ ಸತ್ತ ಸಂಗತಿಯು 1705ರಲ್ಲಿ ಅಚ್ಚಾದ ರುಂಫಿಯಸ್‌ನ ಗ್ರಂಥದಲ್ಲಿಯೇ ಉಂಟು. ಈ ವಿಷಕ್ಕೆ ಪ್ರತಿವಿಷವಿಲ್ಲ. ಚಿಪ್ಪಿನ ಅಗಲವಾದ ತುದಿಯನ್ನು ಹಿಡಿದರೆ ಅಪಾಯವಿಲ್ಲವೆಂಬ ಮಾತನ್ನೂ ನಂಬತಕ್ಕದ್ದಲ್ಲ. ಸೊಂಡಿಲು ಅಲ್ಲಿಗೂ ಬಾಗಬಲ್ಲುದು.

ಕೋನಸ್ ಮೇಗಸ್ ಎಂಬ ಮತ್ತೊಂದು ಮೀನುಬೇಟೆಗಾರನ ವಿಷದ ಒಂದಂಶವು ನೋವಿನ ಸಂದೇಶವನ್ನು ಬೆನ್ನುಹುರಿಯಲ್ಲಿಯೇ ತಡೆಯುವುದು. ಅದನ್ನನುಸರಿಸಿ ರಚಿಸಿದ ಜಿಕೊನೊಟೈಡ್ ಎಂಬ ಔಷಧಕ್ಕೆ 2004ರಲ್ಲಿ ಅಮೆರಿಕದಲ್ಲಿ ಅನುಮತಿ ದೊರೆಯಿತು. ಇದನ್ನು ರಸಾಯನಶಾಲೆಯಲ್ಲಿಯೇ ತಯಾರಿಸುವರು. ಅದಕ್ಕಾಗಿ ಶಂಬೂಕವನ್ನು ಕೊಲ್ಲಬೇಕಾಗಿಲ್ಲ.