ಕೀ ತಿರುಗಿಸಿದರೆ ಬರೀ ಒಂದು ಟಿಕ್

ಸಕಲೇಶಪುರದ ಪಕ್ಕದ ಆನೇಮಹಲ್ ಕಡೆ ಯಾರ ಮನೆಯ ಕಾರಿಗೆ ವಯಸ್ಸಾಗಿದೆ ಎಂದು ತಿಳಿಯಲು ಬಾನೆಟ್ ಎತ್ತಿ ನೋಡಬೇಕಿಲ್ಲ. ಅಂಗಳದಲ್ಲಿ ಸಮತಟ್ಟು ಜಾಗ ಇದ್ದೂ ಕಾರು ಇಳಿಜಾರಿಗೆ ಮೂತಿ ಮಾಡಿ ನಿಂತಿದ್ದರೆ, ಮುಂದಿನ ಚಕ್ರಕ್ಕೊಂದು ಕಲ್ಲು ಕೊಟ್ಟಿದ್ದರೆ, ಅದರ ಸೆಲ್ಫ್ ಮೇಲೆ ಯಜಮಾನರಿಗೆ ನಂಬಿಕೆ ಇಲ್ಲವೆಂದೇ ಅರ್ಥ. ಬೆಳಿಗ್ಗೆ ಕಲ್ಲು ತೆಗೆದು, ಕ್ಲಚ್ ಒತ್ತಿ ಎರಡನೇ ಗೇರಿಗೆ ಹಾಕಿ ಉರುಳಲು ಬಿಡುತ್ತಾರೆ. ಒಂದಿಷ್ಟು ಓಟ ಸಿಕ್ಕಿದ ಮೇಲೆ ಕ್ಲಚ್ ಬಿಟ್ಟರೆ ಎಂಜಿನ್ ಮುಗ್ಗರಿಸಿ ಎದ್ದುಕೊಳ್ಳುತ್ತದೆ. ಗುಡ್ಡದ ಊರಿನವರಿಗೆ ಇದು ಪುಕ್ಕಟೆ ವಿದ್ಯೆ. ತಾಪತ್ರಯ ಶುರುವಾಗುವುದು ಪೇಟೆಯ ಸಮತಟ್ಟು ರಸ್ತೆಯಲ್ಲಿ ನಿಲ್ಲಿಸಿದಾಗ, ಅಥವಾ ಕತ್ತಲಾದ ಮೇಲೆ ತೋಟದ ದಾರಿಯಲ್ಲಿ. ಆಲೂರು, ಸಕಲೇಶಪುರದ ಕಡೆ ರಾತ್ರಿ ಕಾರು ಕೈಕೊಡುವುದೆಂದರೆ ಬರೀ ತಡವಾಗುವ ಮಾತಲ್ಲ. ಕಾಡಾನೆ ಈಗ ಯಾವ ತೋಟದ ಹತ್ತಿರ ಇದೆ ಎಂದು ಅರಣ್ಯ ಇಲಾಖೆ ಜನರ ಮೊಬೈಲಿಗೆ ಸಂದೇಶ ಕಳಿಸುವ ಸೀಮೆ ಇದು.

ದೂರು ಹೆಚ್ಚುಕಡಿಮೆ ಒಂದೇ. ಕೀ ತಿರುಗಿಸಿದರೆ ಡ್ಯಾಶ್‌ಬೋರ್ಡಿನ ದೀಪಗಳೆಲ್ಲ ಹತ್ತಿಕೊಳ್ಳುತ್ತವೆ, ಎಲ್ಲೋ ಒಳಗೆ ‘ಟಿಕ್’ ಅನ್ನುತ್ತದೆ, ಅಷ್ಟೇ. “ಸೆಲ್ಫ್ ತಗಳ್ತಿಲ್ಲ ಕಣಣ್ಣ” ಎಂದು ಮೆಕ್ಯಾನಿಕ್‌ಗೆ ಫೋನು ಹೋಗುತ್ತದೆ. ಬಹಳ ಮಂದಿ ಅಷ್ಟರೊಳಗೆ ತಾವೇ ರೋಗ ನಿರ್ಧರಿಸಿರುತ್ತಾರೆ: ಬ್ಯಾಟರಿ. ಸಾವಿರಾರು ರೂಪಾಯಿ ಕೊಟ್ಟು ಹೊಸದು ಹಾಕಿಸುತ್ತಾರೆ. ಹೊಸ ಬ್ಯಾಟರಿಯ ಜೋರಿಗೆ ನಾಲ್ಕು ದಿನ ಎಲ್ಲ ಸರಿ ಇದ್ದ ಹಾಗೆ ಕಂಡು, ಆಮೇಲೆ ಮತ್ತೆ ಅದೇ ಟಿಕ್. ಮುಂದಿನ ಸರದಿ ಸೆಲ್ಫ್ ಮೋಟಾರಿನದು. ಅದನ್ನು ಇಳಿಸಿ, ಬ್ರಷ್ ಬದಲಿಸಿ, ಬುಷ್ ಹಾಕಿ ಏರಿಸುತ್ತಾರೆ. ಇವೆರಡರ ನಡುವೆ ಕೂತಿರುವ, ಕೆಲವು ನೂರು ರೂಪಾಯಿಗೆ ಸಿಗುವ, ಅಂಗುಲದಷ್ಟು ಅಗಲದ ಕಪ್ಪು ಡಬ್ಬಿಯ ಕಡೆಗೆ ಯಾರ ಕಣ್ಣೂ ಹೋಗುವುದಿಲ್ಲ. ನಾವು ಸಂಶಯಪಡುವುದು ಯಾವಾಗಲೂ ಬೆಲೆಬಾಳುವ ಸಾಮಾನನ್ನೇ. ಆ ಡಬ್ಬಿ ರಿಲೇ. ಅದು ಅಲ್ಲಿಗೆ ಹೇಗೆ ಬಂತು ಎಂಬುದು ತಿಳಿದರೆ, ಕೆಟ್ಟಾಗ ಎಲ್ಲಿ ಹುಡುಕಬೇಕು ಎಂಬುದೂ ಅರ್ಧ ತಿಳಿದಂತೆ.

ಮೊದಲು ಇದ್ದದ್ದು ಹ್ಯಾಂಡಲ್. ಅಂಬಾಸಡರ್ ಕಾಲ ಕಂಡವರಿಗೆ ಅದರ ಪರಿಚಯ ಬೇಡ: ಮುಂದಿನ ಬಂಪರಿನ ತೂತಿನಲ್ಲಿ ಕಬ್ಬಿಣದ ಸರಳು ತೂರಿಸಿ ಎಂಜಿನ್ನನ್ನು ಕೈಯಿಂದ ತಿರುವುವುದು. ಹೆಬ್ಬೆರಳನ್ನು ಹ್ಯಾಂಡಲಿಗೆ ಸುತ್ತಬಾರದು, ಉಳಿದ ಬೆರಳುಗಳ ಪಕ್ಕದಲ್ಲೇ ಇಟ್ಟು ಕೆಳಗಿನಿಂದ ಮೇಲಕ್ಕೆ ಎಳೆಯಬೇಕು ಎಂದು ಹಳೆಯ ಡ್ರೈವರುಗಳು ಹೇಳಿಕೊಡುತ್ತಿದ್ದರು. ಕಾರಣ, ಎಂಜಿನ್ ಒಮ್ಮೊಮ್ಮೆ ಹಿಂದಕ್ಕೆ ಒದೆಯುತ್ತದೆ. ಹಾಗೆ ಒದೆಸಿಕೊಂಡು ಮಣಿಕಟ್ಟು ಮುರಿದುಕೊಂಡವರು ಎಷ್ಟು ಜನರೆಂದರೆ, ಮೂಳೆ ವೈದ್ಯರ ಪುಸ್ತಕದಲ್ಲಿ ಇವತ್ತಿಗೂ ಒಂದು ಬಗೆಯ ಮುರಿತಕ್ಕೆ ‘ಶೋಫರ್ಸ್ ಫ್ರ್ಯಾಕ್ಚರ್’ ಎಂದೇ ಹೆಸರು.

ಕ್ಯಾಡಿಲ್ಯಾಕ್ ಕಂಪನಿಯ ಹೆನ್ರಿ ಲೀಲ್ಯಾಂಡ್‌ಗೆ ಈ ಹ್ಯಾಂಡಲ್ ಮೇಲೆ ಸಿಟ್ಟಿತ್ತು. ಅವರ ಪರಿಚಯದ ಕಾರು ತಯಾರಕ ಬೈರನ್ ಕಾರ್ಟರ್, ದಾರಿಯಲ್ಲಿ ನಿಂತುಹೋದ ಕಾರಿಗೆ ಹ್ಯಾಂಡಲ್ ಹೊಡೆಯಲು ಹೋಗಿ ದವಡೆಗೆ ಪೆಟ್ಟು ತಿಂದು ಕೊನೆಗೆ ತೀರಿಕೊಂಡರು ಎಂಬ ಕತೆ ಪ್ರಸಿದ್ಧ. ಅದರ ವಿವರಗಳನ್ನು ಇತಿಹಾಸಕಾರರು ಪೂರ್ತಿ ಒಪ್ಪುವುದಿಲ್ಲ. ಅಂತೂ ಹ್ಯಾಂಡಲ್ ಇಲ್ಲದೆ ಎಂಜಿನ್ ಎಬ್ಬಿಸುವ ಕೆಲಸ ಬಂದದ್ದು ಡೇಟನ್ ಊರಿನ ಚಾರ್ಲ್ಸ್ ಕೆಟರಿಂಗ್ ಕೈಗೆ. ಎಂಜಿನ್ ತಿರುಗಿಸುವಷ್ಟು ಬಲದ ವಿದ್ಯುತ್ ಮೋಟಾರು ಎಂಜಿನ್ನಿನಷ್ಟೇ ದಪ್ಪ ಆಗುತ್ತದೆ ಎಂದು ಆಗಿನ ಪಂಡಿತರು ಲೆಕ್ಕ ಹಾಕಿದ್ದರು. ಕೆಟರಿಂಗ್ ಅದಕ್ಕೆ ಮೊದಲು ಅಂಗಡಿಯ ಕ್ಯಾಶ್ ರಿಜಿಸ್ಟರ್ ಮಾಡುವ ಕಂಪನಿಯಲ್ಲಿದ್ದವರು. ಅಲ್ಲಿ ಗಲ್ಲಾ ತೆರೆಯುವ ಪುಟ್ಟ ಮೋಟಾರು ಮಾಡುವಾಗ ಒಂದು ಗುಟ್ಟು ಅವರಿಗೆ ಸಿಕ್ಕಿತ್ತು: ದಿನವಿಡೀ ದುಡಿಯಬೇಕಿಲ್ಲದ ಮೋಟಾರಿನಿಂದ ಕೆಲವೇ ಕ್ಷಣ ಅದರ ಯೋಗ್ಯತೆ ಮೀರಿದ ದುಡಿಮೆ ತೆಗೆಯಬಹುದು, ಸುಟ್ಟುಹೋಗುವಷ್ಟರಲ್ಲಿ ಕೆಲಸ ಮುಗಿದಿರುತ್ತದೆ. 1911ರ ಫೆಬ್ರುವರಿಯಲ್ಲಿ ಅವರು ಲೀಲ್ಯಾಂಡ್‌ಗೆ ಅಂಥ ಮೋಟಾರನ್ನು ತೋರಿಸಿದರು. 1912ರ ಕ್ಯಾಡಿಲ್ಯಾಕ್ ಕಾರುಗಳು ಹ್ಯಾಂಡಲ್ ಹೊಡೆಯದೆ ಎದ್ದವು. ಒಂದೇ ಯಂತ್ರ ಆರಂಭದಲ್ಲಿ ಮೋಟಾರು, ಎಂಜಿನ್ ಓಡತೊಡಗಿದ ಮೇಲೆ ಡೈನಮೋ. ಎಬ್ಬಿಸಲು 24 ವೋಲ್ಟ್, ದೀಪಕ್ಕೆ 6 ವೋಲ್ಟ್. ಫೋರ್ಡಿನ ಅಗ್ಗದ ಮಾಡೆಲ್ ಟಿ ಕಾರಿಗೆ ಈ ಸುಖ ಸಿಗಲು 1919 ಆಗಬೇಕಾಯಿತು.

ಹ್ಯಾಂಡಲ್ ಹೋಯಿತು, ಆದರೆ ಅದರ ಜಾಗಕ್ಕೆ ಇನ್ನೊಂದು ಭಾರ ಬಂತು. ಕ್ಷಣಮಾತ್ರಕ್ಕಾದರೂ ಆ ಮೋಟಾರು ಎಳೆಯುವ ಕರೆಂಟು ಅಷ್ಟಿಷ್ಟಲ್ಲ. ಇವತ್ತಿನ ಸಣ್ಣ ಪೆಟ್ರೋಲ್ ಕಾರಿನಲ್ಲೇ 100ರಿಂದ 150 ಆಂಪಿಯರ್, ಡೀಸೆಲ್ ಜೀಪಿನಲ್ಲಿ ಇದರ ದುಪ್ಪಟ್ಟು ಹೇಳಿದರೂ ಹೆಚ್ಚಲ್ಲ. ಇಷ್ಟನ್ನು ಹೊರಲು ಬೆರಳು ಗಾತ್ರದ ತಾಮ್ರದ ಕೇಬಲ್ ಬೇಕು. ಆ ಕೇಬಲನ್ನು ಡ್ರೈವರಿನ ಹತ್ತಿರ ತಂದರೆ ಸ್ವಿಚ್ಚೂ ಅಷ್ಟೇ ದಪ್ಪ ಇರಬೇಕು. ಎರಡನೇ ಮಹಾಯುದ್ಧದ ವಿಲ್ಲೀಸ್ ಜೀಪಿನಲ್ಲಿ ಅದನ್ನು ಕಾಲ ಬುಡದಲ್ಲಿ, ಆಕ್ಸಿಲರೇಟರ್ ಪಕ್ಕದ ನೆಲದಲ್ಲಿ ಇಟ್ಟಿದ್ದರು. ಬೂಟುಗಾಲಿನಲ್ಲಿ ಒತ್ತಿ ಹಿಡಿದರೆ ತಾಮ್ರಕ್ಕೆ ತಾಮ್ರ ಕೂಡುತ್ತಿತ್ತು. ಅದೂ 6 ವೋಲ್ಟಿನ ಗಾಡಿ. ವೋಲ್ಟೇಜ್ ಅರ್ಧವಾದರೆ ಅದೇ ಕೆಲಸಕ್ಕೆ ಕರೆಂಟು ಇಮ್ಮಡಿ ಬೇಕು. 1940ರ ದಶಕದ ಕೊನೆಯಲ್ಲಿ ಮಹೀಂದ್ರದವರು ವಿಲ್ಲೀಸ್ ಜೀಪುಗಳನ್ನು ಇಲ್ಲಿ ಜೋಡಿಸತೊಡಗಿದರು. ಆಮೇಲೆ ಮಲೆನಾಡಿನ ಕಾಫಿ ತೋಟದ ಕೆಸರು ದಾರಿಗೆ ಜೀಪಿಗಿಂತ ಒಗ್ಗಿದ ಗಾಡಿ ಬರಲಿಲ್ಲ. ಇವತ್ತೂ ಸಕಲೇಶಪುರದಲ್ಲಿ ಜೀಪಿನ ಬಗ್ಗೆ ಹಗುರವಾಗಿ ಮಾತಾಡಿದರೆ ಸುಮ್ಮನೆ ಕೇಳಿಸಿಕೊಳ್ಳುವವರು ಕಡಿಮೆ.

ಭಾರವನ್ನು ಡ್ರೈವರಿನಿಂದ ದೂರ ತಳ್ಳುವ ಉಪಾಯ ಕಾರಿಗಿಂತ ಹಳೆಯದು. 1835ರ ಸುಮಾರಿಗೆ ಪ್ರಿನ್ಸ್‌ಟನ್ನಿನ ಪ್ರಾಧ್ಯಾಪಕ ಜೋಸೆಫ್ ಹೆನ್ರಿ, ದೂರದಿಂದ ಬಂದ ಸಣ್ಣ ಕರೆಂಟಿನಿಂದ ಒಂದು ಅಯಸ್ಕಾಂತಕ್ಕೆ ಜೀವ ತುಂಬಿ, ಅದರ ಸೆಳೆತದಿಂದ ಬೇರೊಂದು ದೊಡ್ಡ ಸರ್ಕ್ಯೂಟನ್ನು ಆಡಿಸಿ ತೋರಿಸಿದ್ದರು. ಮೈಲಿಗಟ್ಟಲೆ ತಂತಿಯಲ್ಲಿ ಸೊರಗಿ ಬಂದ ಸಂಕೇತಕ್ಕೆ ಹೊಸ ಬಲ ಕೊಡಲು ಟೆಲಿಗ್ರಾಫಿನವರು ಅದನ್ನೇ ಹಿಡಿದುಕೊಂಡರು. ಕೆರೆಯ ತೂಬಿನ ಹಾಗೆ: ತೂಬು ಎತ್ತುವವನ ತೋಳಿನ ಬಲವೇ ಬೇರೆ, ಹರಿಯುವ ನೀರಿನ ಬಲವೇ ಬೇರೆ. ಕಾರಿನಲ್ಲಿ ಈ ತೂಬು ಎಂಜಿನ್ ಪಕ್ಕಕ್ಕೆ ಹೋಗಿ ಕೂತಿತು. ಸೆಲ್ಫ್ ಮೋಟಾರಿನ ಬೆನ್ನ ಮೇಲಿರುವ ಉರುಳೆ, ಸೊಲೆನಾಯ್ಡ್, ಒಂದೇ ಹೊಡೆತಕ್ಕೆ ಎರಡು ಕೆಲಸ ಮಾಡುತ್ತದೆ: ಮೋಟಾರಿನ ಹಲ್ಲುಚಕ್ರವನ್ನು ಮುಂದಕ್ಕೆ ತಳ್ಳಿ ಫ್ಲೈವೀಲಿಗೆ ಕಚ್ಚಿಸುತ್ತದೆ, ದಪ್ಪ ಕೇಬಲನ್ನು ಮೋಟಾರಿಗೆ ಕೂಡಿಸುತ್ತದೆ. ಡ್ಯಾಶ್‌ಬೋರ್ಡಿಗೆ ತೆಳು ತಂತಿ ಸಾಕಾಯಿತು. 1949ರಲ್ಲಿ ಕ್ರೈಸ್ಲರ್ ಕಂಪನಿ ಸ್ಟಾರ್ಟರ್ ಗುಂಡಿಯನ್ನೂ ತೆಗೆದು ಕೀಲಿಯನ್ನೇ ತಿರುಗಿಸಿ ಎಂಜಿನ್ ಎಬ್ಬಿಸುವ ಕ್ರಮ ತಂದಿತು. ನಮ್ಮಲ್ಲಿ 1961ರಲ್ಲಿ ಹುಟ್ಟಿದ ಲೂಕಾಸ್ ಟಿವಿಎಸ್ ಕಂಪನಿ ಮದ್ರಾಸಿನ ಪಾಡಿಯಲ್ಲಿ ಸೆಲ್ಫ್, ಡೈನಮೋ ಮಾಡತೊಡಗಿತು. ಅಂಬಾಸಡರ್, ಜೀಪು ಬಿಚ್ಚಿದ ಕೈಗಳಿಗೆ ಆ ಹೆಸರು ಅಚ್ಚುಪಾಠ.

ಆದರೆ ಸೊಲೆನಾಯ್ಡ್‌ಗೂ ಹಸಿವಿದೆ. ಎಳೆದುಕೊಳ್ಳುವ ಆ ಒಂದು ಕ್ಷಣ ಅದಕ್ಕೆ 30 ಆಂಪಿಯರ್ ಆಸುಪಾಸು ಬೇಕು. ಅದು ಕೀ ಸ್ವಿಚ್ಚಿನ ಪುಟ್ಟ ಬಿಂದುಗಳ ಮೂಲಕವೇ ಹಾದುಹೋದರೆ ಪ್ರತಿಸಲ ಒಂದು ಕಿಡಿ, ಪ್ರತಿಸಲ ಒಂದಿಷ್ಟು ಕರಿ. ವರ್ಷಗಳ ಮೇಲೆ ಕೀ ಹತ್ತಿರ 12 ವೋಲ್ಟ್ ಇದ್ದದ್ದು ಸೊಲೆನಾಯ್ಡ್ ತಲುಪುವಾಗ 9, 8 ಆಗುತ್ತದೆ. ಆಗ ಅದು ಎಳೆಯುವುದಿಲ್ಲ, ಬಿಸಿ ಎಂಜಿನ್ನಿನಲ್ಲಂತೂ ಇನ್ನೂ ಸೋಮಾರಿ. ಹೀಗಾಗಿ ಕೀಗೂ ಸೊಲೆನಾಯ್ಡ್‌ಗೂ ನಡುವೆ ಇನ್ನೊಂದು ಚಿಕ್ಕ ತೂಬು ಬಂತು: ಆ ಕಪ್ಪು ಡಬ್ಬಿ, ರಿಲೇ. ಕೆಲವು ಕಾರುಗಳಿಗೆ ಅದನ್ನು ಕಾರ್ಖಾನೆಯೇ ಹಾಕಿ ಕಳಿಸಿತು. ಇಲ್ಲದ ಹಳೆಯ ಗಾಡಿಗಳಿಗೆ ನಮ್ಮ ಆಟೋ ಎಲೆಕ್ಟ್ರಿಷಿಯನ್ನರೇ ಬ್ಯಾಟರಿ ಪಕ್ಕದಲ್ಲಿ ಒಂದು ಕೂರಿಸಿದರು, ಯಾರ ನಕಾಶೆಯನ್ನೂ ಕಾಯದೆ. ನನ್ನ ಮಟ್ಟಿಗೆ ಅದೂ ಒಂದು ಎಂಜಿನಿಯರಿಂಗೇ.

ಡಬ್ಬಿಯ ಕಾಲುಗಳ ಪಕ್ಕ 30, 85, 86, 87 ಎಂಬ ಅಂಕಿಗಳಿರುತ್ತವೆ. ಇವು ಜರ್ಮನಿಯ ಡಿಐಎನ್ 72552 ಎಂಬ ಮಾನಕದಿಂದ ಬಂದವು. 30 ಎಂದರೆ ಬ್ಯಾಟರಿಯಿಂದ ಸದಾ ಬರುವ ಕರೆಂಟು, 87 ಹೊರಗೆ ಹೋಗುವ ದಾರಿ, 85 ಮತ್ತು 86 ಒಳಗಿನ ತಂತಿಸುರುಳಿಯ ಎರಡು ತುದಿ. ಸೊಲೆನಾಯ್ಡ್ ಮೇಲಿನ 50 ಕೂಡ ಅದೇ ಪಟ್ಟಿಯದು. ಸುರುಳಿಯ ರೋಧ ಸುಮಾರು 80 ಓಮ್. 12 ವೋಲ್ಟಿಗೆ ಅದು ಎಳೆಯುವುದು 0.15 ಆಂಪಿಯರ್. ಕೊನೆಯಲ್ಲಿ ಮೋಟಾರಿಗೆ ಹರಿಯುವುದು 150. ಕೈಯ ಹತ್ತಿರದ ಕರೆಂಟು ಸಾವಿರದಲ್ಲಿ ಒಂದು ಪಾಲಿಗೆ ಇಳಿಯಿತು.

ಹುಡುಕುವವರು ಈ ಸರಪಳಿಯನ್ನು ಹಿಡಿದೇ ನಡೆಯಬೇಕು, ಮತ್ತು ಮೊದಲ ಉಪಕರಣ ಕಿವಿ. ಹೆಡ್‌ಲೈಟ್ ಹಾಕಿಕೊಂಡು ಕೀ ತಿರುಗಿಸಿ. ದೀಪ ಕುಗ್ಗಿ ‘ಟಕಟಕಟಕ’ ಎಂದು ಬಡಿದುಕೊಂಡರೆ ಬ್ಯಾಟರಿ ಇಳಿದಿದೆ ಅಥವಾ ಟರ್ಮಿನಲ್ ಸಡಿಲ. ದೀಪ ಉರಿಯುತ್ತಲೇ ಇದ್ದು ಎಂಜಿನ್ ಕೆಳಗೆ ಒಂದೇ ಗಟ್ಟಿ ‘ಟಕ್’ ಕೇಳಿದರೆ ಸೊಲೆನಾಯ್ಡ್ ಎಳೆದಿದೆ, ಅದರ ತಾಮ್ರವೋ ಮೋಟಾರಿನ ಬ್ರಷ್ಷೋ ಸವೆದಿದೆ. ಎಲ್ಲೋ ಮೆಲ್ಲಗೆ ‘ಟಿಕ್’ ಅಂದು ಸುಮ್ಮನಾದರೆ ರಿಲೇ ತನ್ನ ಪಾಲಿನ ಅಲುಗಾಟ ಮುಗಿಸಿದೆ, ಕರೆಂಟು ಮಾತ್ರ ಆಚೆ ಹೋಗಿಲ್ಲ. ಏನೂ ಕೇಳದಿದ್ದರೆ ಕೀ ಸ್ವಿಚ್, ಫ್ಯೂಸ್, ತಂತಿ ಅಥವಾ ರಿಲೇಯ ಸುರುಳಿ. ತಳ್ಳಿದ ಕೂಡಲೇ ಗಾಡಿ ಎದ್ದರೆ ಇಗ್ನಿಷನ್, ಪೆಟ್ರೋಲು ಸರಿ ಇವೆ, ತಪ್ಪು ಸೆಲ್ಫಿನ ದಾರಿಯಲ್ಲಿದೆ ಎಂಬುದಕ್ಕೂ ಅದೇ ಸಾಕ್ಷಿ.

ಮೀಟರು ಇದ್ದರೆ ಊಹೆ ಬೇಡ. ನಿಂತ ಬ್ಯಾಟರಿ 12.6 ವೋಲ್ಟ್ ತೋರಿಸಬೇಕು, ಸೆಲ್ಫ್ ಹೊಡೆಯುವಾಗಲೂ ಹತ್ತರ ಹತ್ತಿರ ನಿಲ್ಲಬೇಕು. ಬ್ಯಾಟರಿ ಪಾಸಾದರೆ ಅರ್ತ್ ನೋಡಿ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಒದ್ದೆಯಲ್ಲೇ ನಿಲ್ಲುವ ಮಲೆನಾಡಿನ ಕಾರಿಗೆ ಇದು ಬಿಟ್ಟುಬಿಡುವ ಹೆಜ್ಜೆಯಲ್ಲ. ಎಂಜಿನ್ನಿನಿಂದ ಬಾಡಿಗೆ ಬರುವ ತಾಮ್ರದ ಪಟ್ಟಿ ಹಸಿರುಗಟ್ಟಿ ತುಂಡಾದರೆ ಮೋಟಾರಿನ ಕರೆಂಟು ಹಿಂದಿರುಗಲು ಬೇರೆ ದಾರಿ ಹುಡುಕುತ್ತದೆ, ಸಿಕ್ಕಿದ್ದು ಕ್ಲಚ್ ಕೇಬಲ್ಲೋ ಆಕ್ಸಿಲರೇಟರ್ ಕೇಬಲ್ಲೋ ಆದರೆ ಅದು ಕಾದು ಹೊಗೆಯಾಡುತ್ತದೆ. ಸುಟ್ಟ ಕೇಬಲನ್ನು ಬದಲಿಸಿ, ಅದು ಸುಟ್ಟಿದ್ದೇಕೆಂದು ಕೇಳದೆ ಗಾಡಿ ಕಳಿಸುವವರೂ ಇದ್ದಾರೆ.

ಇಷ್ಟಾದ ಮೇಲೆ ರಿಲೇ. ಫ್ಯೂಸ್ ಪೆಟ್ಟಿಗೆಯ ಮುಚ್ಚಳದ ಒಳಮೈಯಲ್ಲಿ ಅದರ ಜಾಗ ಬರೆದಿರುತ್ತದೆ. ಹಾರ್ನ್‌ಗೂ ಅದೇ ನಂಬರಿನ ರಿಲೇ ಇದ್ದರೆ ಎರಡನ್ನೂ ಅದಲುಬದಲು ಮಾಡುವುದೇ ಎಲ್ಲಕ್ಕಿಂತ ಸುಲಭದ ಪರೀಕ್ಷೆ: ಕಾರು ಎದ್ದು ಹಾರ್ನ್ ಸತ್ತರೆ ತೀರ್ಪು ಬಂದ ಹಾಗೆ. ನಂಬರು ಬೇರೆಯಾದರೆ ಈ ಆಟ ಬೇಡ. ಐದು ಕಾಲಿನವು, ಒಳಗೆ ಡಯೋಡ್ ಇರುವವು ನೋಡಲು ಒಂದೇ ಥರ ಇದ್ದರೂ ಒಳಗಿನ ಜೋಡಣೆ ಬೇರೆ. ಇನ್ನೊಂದು ದಾರಿ, ರಿಲೇ ಕಿತ್ತು ಸಾಕೆಟ್ಟಿನ 30 ಮತ್ತು 87ನ್ನು ಫ್ಯೂಸ್ ಇರುವ ದಪ್ಪ ವೈರಿನಿಂದ ಒಂದು ಕ್ಷಣ ಕೂಡಿಸುವುದು. ಗೇರ್ ನ್ಯೂಟ್ರಲ್‌ನಲ್ಲಿರಬೇಕು, ಹ್ಯಾಂಡ್‌ಬ್ರೇಕ್ ಎಳೆದಿರಬೇಕು, ಕಾರಿನ ಮುಂದೆ ಯಾರೂ ನಿಂತಿರಬಾರದು. ಸೆಲ್ಫ್ ತಿರುಗಿದರೆ ಅಲ್ಲಿಂದ ಮುಂದಿನದೆಲ್ಲ ಸರಿ. ದಾರಿಬದಿಯಲ್ಲಿ ಸ್ಕ್ರೂಡ್ರೈವರ್ ಅಡ್ಡ ಹಿಡಿದು ಸೊಲೆನಾಯ್ಡ್ ಮೇಲೆ ಕಿಡಿ ಹಾರಿಸುವ ಶೂರರನ್ನು ಅನುಕರಿಸಬೇಕಿಲ್ಲ. ಬ್ಯಾಟರಿಯಿಂದ ಬರುವ ಹೈಡ್ರೋಜನ್‌ಗೆ ಒಂದು ಕಿಡಿ ಸಾಕು, ಗೇರಿನಲ್ಲಿದ್ದ ಕಾರು ಮೈಮೇಲೆ ಬರಲೂ ಅಷ್ಟೇ ಸಾಕು.

ಸತ್ತ ರಿಲೇಯ ಮುಚ್ಚಳ ಬಿಚ್ಚಿ ನೋಡುವ ಕುತೂಹಲವನ್ನು ಮಾತ್ರ ತಡೆಯಬೇಡಿ. ಬೆಳ್ಳಿ ಮಿಶ್ರಲೋಹದ ಎರಡು ಬಿಂದುಗಳು ಕರಿಹಿಡಿದು ಗುಳಿ ಬಿದ್ದಿರುತ್ತವೆ. ಕೆಲವೊಮ್ಮೆ ಅಲ್ಲಿ ಇರುವೆ ಸತ್ತು ಅಂಟಿಕೊಂಡಿರುತ್ತದೆ. ಬಿಂದುಗಳು ಒಂದಕ್ಕೊಂದು ಬೆಸೆದುಕೊಂಡರೆ ಅಪಾಯ ಉಲ್ಟಾ: ಕೀ ಬಿಟ್ಟರೂ ಸೆಲ್ಫ್ ತಿರುಗುತ್ತಲೇ ಇರುತ್ತದೆ, ಆಗ ಬ್ಯಾಟರಿಯ ಕೇಬಲ್ ಕಳಚುವುದೊಂದೇ ದಾರಿ. ಎಮರಿ ಕಾಗದದಲ್ಲಿ ಉಜ್ಜಿ ಮತ್ತೆ ಹಾಕಿದರೆ ಮನೆ ಮುಟ್ಟಬಹುದು, ಮಳೆಗಾಲ ದಾಟುವುದಿಲ್ಲ. ಹೊಸದು ಹಾಕುವ ಮೊದಲು ಬ್ಯಾಟರಿಯ ನೆಗೆಟಿವ್ ಕಳಚಿ. ಸಾಕೆಟ್ಟಿನೊಳಗಿನ ಹಿತ್ತಾಳೆ ಹಿಡಿಗಳು ಸಡಿಲವಾಗಿದ್ದರೆ ಮೆಲ್ಲಗೆ ಬಿಗಿ ಮಾಡಿ, ಹಸಿರು ಕೆರೆದು ತೆಗೆಯಿರಿ. ಹೆಚ್ಚಿನ ಸಲ ಹೊಸ ರಿಲೇ ಬೇಗ ಸಾಯುವುದು ಈ ಸಡಿಲ ಹಿಡಿ ಕಾದು ಕಾದು. ಹೊರಗೆ ಕೂರಿಸಿದ ರಿಲೇ ಆದರೆ ಕಾಲುಗಳು ಕೆಳಮುಖವಾಗಿರಲಿ, ನೀರು ಒಳಗೆ ನಿಲ್ಲದ ಹಾಗೆ.

ಹೊಸ ಕಾರುಗಳಲ್ಲಿ ಎಷ್ಟೋ ರಿಲೇಗಳು ಕಿತ್ತು ನೋಡುವಂಥವಲ್ಲ, ಬೋರ್ಡಿಗೇ ಬೆಸೆದಿರುತ್ತವೆ. ಒಂದು ಸತ್ತರೆ ಇಡೀ ಬೋರ್ಡಿನ ಬೆಲೆ ಹೇಳುತ್ತಾರೆ. ಕೆಟರಿಂಗ್ ಬಿಟ್ಟುಹೋದ ದಾರಿಗೂ ಕೆಲವು ಮರಳಿವೆ. 2015ರಿಂದ ಮಾರುತಿ ತನ್ನ ಕೆಲವು ಹೈಬ್ರಿಡ್ ಕಾರುಗಳಿಗೆ ಹಾಕಿದ ಯಂತ್ರ, ಬೆಲ್ಟಿನಲ್ಲಿ ತಿರುಗುತ್ತ ಒಮ್ಮೆ ಮೋಟಾರು, ಒಮ್ಮೆ ಜನರೇಟರ್. ಸಿಗ್ನಲ್ಲಿನಲ್ಲಿ ನಿಂತ ಎಂಜಿನ್ನನ್ನು ಅದು ಸದ್ದಿಲ್ಲದೆ ಎಬ್ಬಿಸುತ್ತದೆ. ಆದರೆ ರಾತ್ರಿಯಿಡೀ ನಿಂತು ತಣ್ಣಗಾದ ಎಂಜಿನ್ನನ್ನು ಬೆಳಿಗ್ಗೆ ಮೊದಲ ಸಲ ತಿರುವಲು ಆ ಕಾರುಗಳೂ ಹಳೆಯ ಸೆಲ್ಫನ್ನೇ ಉಳಿಸಿಕೊಂಡಿವೆ.