ಹನಾಯ್ ನಗರದ ಗಣಿತವಿದುಷಿ

ಗುರುವಿನ ಸನ್ನಿಧಿಯಾಗಲಿ, ಸಮೃದ್ಧವಾದ ಗ್ರಂಥಭಂಡಾರವಾಗಲಿ, ನಿಶ್ಚಿಂತವಾದ ವಿರಾಮವಾಗಲಿ ಇಲ್ಲದವರಿಗೆ ಉಚ್ಚಗಣಿತದಲ್ಲಿ ನೂತನವಾದುದೇನನ್ನಾದರೂ ಸಾಧಿಸುವುದು ಶಕ್ಯವೆ ಎಂದು ಓದುಗರೊಬ್ಬರು ಪ್ರಶ್ನಿಸಿರುವರು. ಇಂತಹ ಪ್ರಸಂಗದಲ್ಲಿ ರಾಮಾನುಜನ್ನರ ಹೆಸರನ್ನೆತ್ತುವುದು ವಾಡಿಕೆ. ಆದರೆ ನಮ್ಮಲ್ಲಿ ಅಷ್ಟಾಗಿ ಕೇಳಿಬರದ ಮತ್ತೊಂದು ಹೆಸರುಂಟು: ವಿಯೆಟ್ನಾಮಿನ ಹ್ವಾಂಗ್ ಸ್ವಾನ್ ಸಿನ್.

ಫ್ರೆಂಚರ ಆಳ್ವಿಕೆಯ ಕಾಲದಲ್ಲಿ, 1933ರಲ್ಲಿ, ಹನಾಯ್ ನಗರದ ಸಮೀಪದಲ್ಲಿ ಜನಿಸಿದ ಈಕೆ 1951ರಲ್ಲಿ ಫ್ರಾನ್ಸಿಗೆ ತೆರಳಿ, ಪ್ಯಾರಿಸ್ಸಿನಲ್ಲಿಯೂ ತುಲೂಸಿನಲ್ಲಿಯೂ ವ್ಯಾಸಂಗ ಮಾಡಿ, ಉಪಾಧ್ಯಾಯ ವೃತ್ತಿಗೆ ಅಲ್ಲಿ ನಡೆಸುವ ಅತಿಕಠಿಣವಾದ ಪರೀಕ್ಷೆಯಲ್ಲಿ 1959ರಲ್ಲಿ ಉತ್ತೀರ್ಣರಾದರು. ಅಲ್ಲಿಯೇ ನೆಲೆಸಿ ಸುಖವಾಗಿರಬಹುದಾಗಿದ್ದವರು 1960ರಲ್ಲಿ ಸ್ವದೇಶಕ್ಕೆ ಮರಳಿ ಹನಾಯ್‌ನ ಅಧ್ಯಾಪಕ ವಿದ್ಯಾಲಯದಲ್ಲಿ ಬೋಧನೆಗೆ ನಿಂತರು.

ಅನಂತರ ಯುದ್ಧ ಬಂದಿತು. ಯುದ್ಧದ ನಡುವೆಯೇ, 1967ರಲ್ಲಿ, ಗಣಿತಜ್ಞ ಅಲೆಕ್ಸಾಂಡರ್ ಗ್ರೋಟೆಂಡೀಕ್ ಬಂದರು. ಹಿಂದಿನ ವರ್ಷ ಮಾಸ್ಕೋದಲ್ಲಿ ತಮಗೆ ಸಲ್ಲಬೇಕಾಗಿದ್ದ ಗಣಿತದ ಫೀಲ್ಡ್ಸ್ ಪದಕವನ್ನು ಸ್ವೀಕರಿಸಲು, ಸೋವಿಯತ್ ಸರ್ಕಾರದ ನೀತಿಯನ್ನು ಪ್ರತಿಭಟಿಸಿ, ಹೋಗದೆ ಉಳಿದಿದ್ದ ಈ ಮಹಾಶಯರು ಅಮೆರಿಕದ ಬಾಂಬುಗಳು ಬೀಳುತ್ತಿದ್ದ ಹನಾಯ್‌ಗೆ ಮಾತ್ರ ತಾವಾಗಿಯೇ ಬಂದು, ಅಲ್ಲಿ ಪಾಠ ಹೇಳುವುದು ಅಪಾಯಕರವಾದಾಗ, ನಗರವನ್ನು ತೊರೆದು ಅರಣ್ಯಪ್ರದೇಶಕ್ಕೆ ವಲಸೆ ಹೋಗಿದ್ದ ವಿದ್ಯಾಲಯದಲ್ಲಿ ಉಪನ್ಯಾಸಗಳನ್ನು ಮುಂದುವರಿಸಿದರು. ಕೇಳುತ್ತ ಟಿಪ್ಪಣಿ ಬರೆದುಕೊಂಡವರಲ್ಲಿ ಸಿನ್ ಒಬ್ಬರು.

ಗುರುಗಳು ಹಿಂದಿರುಗಿದ ಮೇಲೆ ಉಳಿದುದು ಅಂಚೆಯೊಂದೇ. ಅವರು ಎರಡು ಬಾರಿ ಬರೆದರು, ತಾವು ಮೂರು ಬಾರಿ ಬರೆದೆವೆಂದು ಆಕೆ ಮುಂದೆ ನೆನೆದಿರುವರು. ಮೊದಲ ಪತ್ರದಲ್ಲಿ ಆಕೆಯ ಡಾಕ್ಟರೇಟ್ ಪ್ರಬಂಧದ ವಿಷಯವೂ ಕಾರ್ಯಕ್ರಮವೂ ಬಂದುವು. ಎರಡನೆಯದರಲ್ಲಿ, ವಿಲೋಮಗಳಿಲ್ಲದ ವ್ಯವಸ್ಥೆಗೆ ವಿಲೋಮಗಳನ್ನು ಕೂಡಿಸುವ ಭಾಗ ಸಾಧ್ಯವಾಗದಿದ್ದರೆ ಅದನ್ನು ಕೈಬಿಡಬಹುದೆಂಬ ಅನುಮತಿ ಬಂದಿತು. ಹೀಗೆ ವಿಲೋಮಗಳನ್ನು ಕೂಡಿಸುವುದು ಸ್ವಾಭಾವಿಕ ಸಂಖ್ಯೆಗಳಿಂದ ಋಣಸಂಖ್ಯೆಗಳನ್ನು ಪಡೆಯುವ ಕ್ರಿಯೆಯ ಉನ್ನತ ರೂಪ. ಆಕೆ ಕೈಬಿಡಲಿಲ್ಲ, ಸಾಧಿಸಿಯೇ ಉತ್ತರ ಬರೆದರು.

ಆಕೆಯನ್ನು ಕುರಿತು ಬರೆಯುವವರು ಸಾಮಾನ್ಯವಾಗಿ ಸೀಮೆಎಣ್ಣೆಯ ದೀಪ, ಕಾಡು, ಬಾಂಬು ಇಷ್ಟನ್ನು ವರ್ಣಿಸಿ ಕೃತಾರ್ಥರಾಗುವರು. ದೀಪದ ಕಥೆ ನಿಜವೇ. ಆದರೆ ಆ ದೀಪದ ಬೆಳಕಿನಲ್ಲಿ ಬರೆದುದೇನೆಂಬುದನ್ನು ಹೇಳದೆ ದೀಪವನ್ನು ಮಾತ್ರ ಹೊಗಳುವುದು ವಿದುಷಿಗೆ ಸಲ್ಲಿಸುವ ಗೌರವವಲ್ಲ.

ಮೂರು ಹೂಮಾಲೆಗಳನ್ನು ಒಂದಾಗಿ ಕಟ್ಟಬೇಕೆಂದುಕೊಳ್ಳಿ. ಮೊದಲ ಎರಡನ್ನು ಗಂಟಿಕ್ಕಿ ಮೂರನೆಯದನ್ನು ಸೇರಿಸಬಹುದು. ಕೊನೆಯ ಎರಡನ್ನು ಗಂಟಿಕ್ಕಿ ಅದನ್ನು ಮೊದಲನೆಯದಕ್ಕೆ ಸೇರಿಸಲೂಬಹುದು. ಶಾಲೆಯ ಅಂಕಗಣಿತವು ಎರಡೂ ಒಂದೇ ಎಂದು ಘೋಷಿಸಿ ಅದಕ್ಕೆ ಸಹವರ್ತನೀಯ ನಿಯಮವೆಂದು ಹೆಸರಿಟ್ಟು ಮುಂದೆ ಸಾಗುವುದು. ಗ್ರೋಟೆಂಡೀಕರ ಗಣಿತವಾದರೋ ಅಷ್ಟಕ್ಕೆ ತೃಪ್ತಿಪಡದೆ, ಎರಡೂ ಒಂದೇ ಅಲ್ಲ, ಒಂದನ್ನು ಮತ್ತೊಂದನ್ನಾಗಿ ಮಾರ್ಪಡಿಸುವ ನಿರ್ದಿಷ್ಟವಾದ ಕ್ರಮವೊಂದುಂಟು, ಆ ಕ್ರಮವನ್ನೂ ಲೆಕ್ಕದಲ್ಲಿ ಬರೆದಿಡಬೇಕು ಎನ್ನುವುದು. ಮಾಲೆಗಳು ನಾಲ್ಕಾದರೆ ಕಟ್ಟುವ ವಿಧಗಳು ಐದು. ಅವನ್ನು ಪಂಚಭುಜದ ಐದು ಮೂಲೆಗಳಲ್ಲಿ ಇರಿಸಿದರೆ, ಒಂದು ಮೂಲೆಯಿಂದ ಮತ್ತೊಂದಕ್ಕೆ ಎರಡು ಹೆಜ್ಜೆಗಳ ದಾರಿಯೊಂದು, ಮೂರು ಹೆಜ್ಜೆಗಳ ದಾರಿಯೊಂದು ದೊರೆಯುವುವು; ಅವೆರಡರ ಫಲವೂ ತಪ್ಪದೆ ಒಂದೇ ಆಗಿರಬೇಕು. 1963ರಲ್ಲಿ ಗಣಿತಜ್ಞ ಸಾಂಡರ್ಸ್ ಮ್ಯಾಕ್‌ಲೇನ್ ಈ ಪಂಚಭುಜದ ನಿಯಮವನ್ನು ಮುಂದಿಟ್ಟಿದ್ದರು.

ಇಂತಹ ವ್ಯವಸ್ಥೆಯಲ್ಲಿ ಪ್ರತಿಯೊಂದು ವಸ್ತುವಿಗೂ ವಿಲೋಮವಿದ್ದರೆ ಅದರ ಸಮಗ್ರ ಸ್ವರೂಪವೇನು ಎಂಬುದು ಸಿನ್ ಎದುರಿಸಿದ ಪ್ರಶ್ನೆ. ಅಂತಹ ವ್ಯವಸ್ಥೆಯೇ ಆಕೆಯ ಪ್ರಬಂಧಕ್ಕೆ ಹೆಸರು ಕೊಟ್ಟ ‘ಗ್ರ್-ಕೆಟಗರಿ’. ಉತ್ತರದ ಮಿತವ್ಯಯ ಆಶ್ಚರ್ಯಕರವಾದುದು. ಒಂದು ಗ್ರೂಪ್ (ಪ್ರತಿಯೊಂದು ಅಂಶಕ್ಕೂ ವಿಲೋಮವಿರುವ, ಸಹವರ್ತನೀಯ ನಿಯಮವು ನಿಖರವಾಗಿ ಸಲ್ಲುವ ವ್ಯವಸ್ಥೆ), ಪರಿವರ್ತನೀಯವಾದ ಮತ್ತೊಂದು ಗ್ರೂಪ್, ಮೊದಲನೆಯದು ಎರಡನೆಯದರ ಮೇಲೆ ನಡೆಸುವ ಕ್ರಿಯೆ, ಇವುಗಳ ಜೊತೆಗೆ ಮೂರನೆಯ ಕೊಹೊಮಾಲಜಿಯ ಒಂದೇ ಒಂದು ಅಂಶ: ಇವಿಷ್ಟನ್ನು ಬಲ್ಲವನು ವ್ಯವಸ್ಥೆಯನ್ನೆಲ್ಲ ಬಲ್ಲನು. ಐಲೆನ್‌ಬರ್ಗ್ ಮತ್ತು ಮ್ಯಾಕ್‌ಲೇನ್ 1940ರ ದಶಕದಲ್ಲಿಯೇ ಗಣನೆಗೆ ತಂದಿದ್ದ ಆ ಕೊನೆಯ ಅಂಶವು, ಗಂಟುಗಳನ್ನು ಎಷ್ಟು ಜಾಣತನದಿಂದ ಸರಿಸಿದರೂ ನಿವಾರಿಸಲಾಗದೆ ಉಳಿಯುವ ತೊಡಕನ್ನು ಅಳೆಯುವುದೆಂಬುದು ಇಲ್ಲಿ ಸ್ಫುಟವಾಗಿ ಕಾಣಿಸುವುದು. ನನ್ನ ಅಭಿಪ್ರಾಯದಲ್ಲಿ ಪ್ರಬಂಧದ ಸೌಂದರ್ಯವೆಲ್ಲ ಇದರಲ್ಲಿದೆ.

ಕೈಬರಹದಲ್ಲಿಯೇ ಇದ್ದ ಆ ಪ್ರಬಂಧವನ್ನು, ಯುದ್ಧ ಮುಗಿದ ವರ್ಷವೇ ಆದ 1975ರಲ್ಲಿ, ಪ್ಯಾರಿಸ್ಸಿನಲ್ಲಿ ಆಕೆ ಮಂಡಿಸಿದಾಗ ಪರೀಕ್ಷಕರ ಪೀಠದಲ್ಲಿ ಗ್ರೋಟೆಂಡೀಕರೊಡನೆ ಆನ್ರಿ ಕಾರ್ತಾನ್, ಲೊರಾನ್ ಶ್ವಾರ್ಟ್ಸ್ ಮೊದಲಾದ ದಿಗ್ಗಜರು ಆಸೀನರಾಗಿದ್ದರು. ಮುಂದೆ ಆಕೆ ವಿಯೆಟ್ನಾಮಿನ ಪ್ರಥಮ ಮಹಿಳಾ ಗಣಿತ ಪ್ರಾಧ್ಯಾಪಕರಾದರು. 1988ರಲ್ಲಿ ಆ ದೇಶದ ಮೊತ್ತಮೊದಲ ಖಾಸಗಿ ಉಚ್ಚ ವಿದ್ಯಾಸಂಸ್ಥೆಯನ್ನು, ಇಂದಿನ ಥಾಂಗ್ ಲಾಂಗ್ ವಿಶ್ವವಿದ್ಯಾಲಯವನ್ನು, ಸ್ಥಾಪಿಸುವುದರಲ್ಲಿ ಅಗ್ರಸ್ಥಾನದಲ್ಲಿ ನಿಂತರು.

ಆಕೆಯ ‘ಗ್ರ್-ಕೆಟಗರಿ’ಗಳಿಗೆ ಈಗ ‘2-ಗ್ರೂಪ್’ ಎಂಬ ಹೆಸರು ರೂಢಿಯಾಗಿದೆ. ಇವುಗಳಿಂದ ವಿಶ್ವದ ರಹಸ್ಯವೆಲ್ಲ ಬಯಲಾಗುವುದೆಂದು ಉತ್ಸಾಹಿಗಳು ಆಡುವ ಮಾತನ್ನು ನಾನು ನಂಬಲಾರೆ. ಶುದ್ಧಗಣಿತದಲ್ಲಿ ಅವು ಪಡೆದಿರುವ ಸ್ಥಾನವೇ ಸಾಕಷ್ಟು ದೊಡ್ಡದು. ಆ ಹಸ್ತಪ್ರತಿಯ ಛಾಯಾಪ್ರತಿ ಇಂದು ಸರ್ವರಿಗೂ ಲಭ್ಯವಿರುವುದರಿಂದ, ಫ್ರೆಂಚ್ ಬಲ್ಲ ನಮ್ಮ ಗಣಿತ ವಿದ್ಯಾರ್ಥಿಗಳು ಪತ್ರಿಕೆಗಳ ವರ್ಣನೆಗಳನ್ನು ಬದಿಗಿಟ್ಟು ಅದನ್ನೇ ತೆರೆದು ಓದಲಿ.